ಪರದೆಯ ಒಳಗಿನ ಕ್ಯಾಮೆರಾ

ಛಾಯಾಚಿತ್ರದ ಕಲಾಪುಸ್ತಕಗಳೆಂದರೆ ನನಗೆ ಹುಚ್ಚು. ಹುಮನಾಬಾದಿನ ನನ್ನ ಎರಡು ಕೋಣೆಯ ಮನೆಯಲ್ಲಿ ಹಿಟ್ಟಿನ ಡಬ್ಬಿ ಇಡಬೇಕಾದ ಕಪಾಟಿನಲ್ಲೂ ಅವೇ ಕೂತಿವೆ. ಆದರೆ ಅವುಗಳ ಮೇಲೆ ಸಿಟ್ಟೂ ಇದೆ. ಮುಖಪುಟದ ಮೇಲೆ ಛಾಯಾಗ್ರಾಹಕನ ಹೆಸರು ದಪ್ಪಕ್ಷರದಲ್ಲಿ, ಒಳಗೆ ಯಾರೋ ದೊಡ್ಡವರ ಮುನ್ನುಡಿ. ಚಿತ್ರದಲ್ಲಿರುವ ಹೆಂಗಸಿಗೆ ಮಾತ್ರ ಹೆಸರಿಲ್ಲ. ‘ಕೂಲಿ ಹೆಂಗಸು’ ಅಂತಲೋ ‘ನೀರು ತರುವಾಕೆ’ ಅಂತಲೋ ಬರೆದು ಕೈ ತೊಳೆದುಕೊಂಡಿರುತ್ತಾರೆ. ನಾನು ಪುಸ್ತಕ ಮಾಡಿದರೆ ಅಂಥದ್ದು ಮಾಡುವುದಿಲ್ಲ ಎಂದು ಕಾಲೇಜಿನ ಸ್ಟಾಫ್ ರೂಮಿನಲ್ಲಿ ಕೊಚ್ಚಿಕೊಳ್ಳುತ್ತಿದ್ದೆ. ಮಾಡಿದ್ದು ಅದಕ್ಕಿಂತ ದೊಡ್ಡ ಪ್ರಮಾದ. ಬಸವಕಲ್ಯಾಣದ ವಜೀರಬಿಯ ಕಥೆಯನ್ನು ಅಲ್ಲಿಂದಲೇ ಶುರುಮಾಡಬೇಕು.

ಮೂರು ವರ್ಷ ನಾನು ಈ ಕಡೆಯ ಊರುಗಳಲ್ಲಿ ಹಳೆಯ ಸ್ಟುಡಿಯೋ ಫೋಟೋಗಳನ್ನು ಹುಡುಕಿಕೊಂಡು ಅಲೆದೆ. ಟ್ರಂಕಿನ ತಳದಲ್ಲಿ, ಮದುವೆ ಸೀರೆಯ ಮಡಿಕೆಯಲ್ಲಿ ಹೆಂಗಸರ ಚಿತ್ರಗಳು ಸಿಗುತ್ತಾ ಹೋದವು. ಅಂಥವನ್ನು ನಾನು ದೊಡ್ಡ ದೊಡ್ಡ ಪುಸ್ತಕಗಳಲ್ಲೂ ಕಂಡಿರಲಿಲ್ಲ. ಒಬ್ಬಾಕೆ ಕೂದಲು ಬಿಚ್ಚಿಕೊಂಡು ಬಾಚಣಿಗೆ ಹಿಡಿದು ಕೂತಿದ್ದಾಳೆ. ಒಬ್ಬಾಕೆ ಕಾಲು ಚಾಚಿ, ಬಾಯಿ ತುಂಬ ನಗುತ್ತಿದ್ದಾಳೆ. ಮದುವಣಗಿತ್ತಿಯೊಬ್ಬಳು ಆಕಳಿಸುತ್ತಿದ್ದಾಳೆ! ಎಲ್ಲದರ ಬೆನ್ನ ಮೇಲೂ ನೇರಳೆ ಶಾಯಿಯ ಒಂದೇ ಶಿಕ್ಕಾ: ‘ಎಂ. ಅಜೀಮುದ್ದೀನ್, ನೂರ್ ಫೋಟೋ ಸ್ಟುಡಿಯೋ, ಬಸವಕಲ್ಯಾಣ’.

ಅರವತ್ತೊಂದು ಚಿತ್ರ ಆರಿಸಿದೆ. ‘ಗಂಡಸಿನ ಕಣ್ಣಿಗೂ ಇಂಥ ತಾಯ್ತನ ಬರಬಲ್ಲದು’ ಎಂದು ಹನ್ನೊಂದು ಪುಟದ ಮುನ್ನುಡಿ ಬರೆದೆ. ಈಗ ನೆನೆದರೆ ಕಿವಿ ಬಿಸಿಯಾಗುತ್ತದೆ. ಧಾರವಾಡದ ಪ್ರಕಾಶಕರು ಒಪ್ಪಿದರು, ಅಜೀಮುದ್ದೀನರ ಹೆಸರಿನ ಮುಖಪುಟವೂ ತಯಾರಾಯಿತು. ಅಚ್ಚಿಗೆ ಹೋಗುವ ಮುಂಚಿನ ಮಾದರಿ ಪ್ರತಿಯನ್ನು ಹಿಡಿದುಕೊಂಡು ನಾನು ಬಸವಕಲ್ಯಾಣದ ಬಸ್ಸು ಹತ್ತಿದೆ.

ಸ್ಟುಡಿಯೋದ ಹಿಂದೆಯೇ ಅವರ ಮನೆ. ಎಪ್ಪತ್ತೆರಡರ ಅಜೀಮುದ್ದೀನರು ಪುಸ್ತಕವನ್ನು ಎರಡೂ ಕೈಯಲ್ಲಿ ಇಸಿದುಕೊಂಡು, ತಮ್ಮ ಹೆಸರಿನ ಮೇಲೆ ಬೆರಳಾಡಿಸಿ, ಕಣ್ಣೊರೆಸಿಕೊಂಡರು. ಚಹಾ ತಂದ ಅವರ ಹೆಂಡತಿ ವಜೀರಬಿ ಚಷ್ಮಾ ಹಾಕಿಕೊಂಡು ಹತ್ತಿರ ಕೂತರು. ನಾಲ್ಕು ಪುಟ ತಿರುವಿದವರು ಐದನೆಯದರ ಮೇಲೆ ಬೆರಳಿಟ್ಟು ನನ್ನನ್ನು ದಿಟ್ಟಿಸಿದರು.

“ಇದು ಕೊಡಂಬಲದ ಧೂಳಮ್ಮಂದು. ಆಕಿ ಕೈ ಎಲ್ಲಿ ಹೋದ್ವು ಬೇಟಾ? ಕೈ ಕಾಣ್ಲಿ ಅಂತನ ನಾ ಹಿಂದ ಸರದು ತೆಗದಿದ್ದೆ. ನೀ ಕೊಯ್ದು ಬರೇ ಮಾರಿ ಇಟ್ಟೀದಿ.”

“ನೀವು ತೆಗೆದದ್ದೇನ್ರಿ ಖಾಲಾ?”

“ಮತ್ಯಾರು? ಹೆಂಗಸರ ಫೋಟೋ ಎಲ್ಲಾ ನಾನ ತೆಗದದ್ದು.”

ಅಜೀಮುದ್ದೀನರು ನಕ್ಕುಬಿಟ್ಟರು. “ಸ್ಟುಡಿಯೋ ನಂದು, ಕ್ಯಾಮೆರಾ ನಂದು, ಕಲಿಸಿದಾಂವ ನಾನು. ಆಕಿ ಬಟನ್ ಒತ್ತಿದ್ಲು, ಅಷ್ಟ ರೀ ಮೇಡಂ.”

“ಹಂಗಾದ್ರ ಇಷ್ಟು ವರ್ಷ ನಿಮಗ ಅಡಗಿ ಮಾಡಿ ಉಣಿಸಿದಾಂವ ಒಲಿ ಮಾರಿದಾಂವ ಆಗಬೇಕಲ್ಲ!” ಎಂದರು ವಜೀರಬಿ. ಆಮೇಲೆ ನನ್ನ ಕಡೆ ತಿರುಗಿದರು. “ಹೆಸರಿನ ಮಾತು ಆಮ್ಯಾಲ. ಈ ಹೆಂಗಸರನ್ನ ಕೇಳೀಯೇನು? ಗಂಡಸರ ಕಣ್ಣಿಗಿ ಬೀಳಂಗಿಲ್ಲ ಅಂತ ನಾ ಮಾತು ಕೊಟ್ಟು ಕುಂದರಿಸಿದ್ದೆ.”

ನಾನು ಕೇಳಿರಲಿಲ್ಲ. ಮಗ, ಸೊಸೆ, ಮೊಮ್ಮಗ, ಮನೆಯಲ್ಲಿ ಯಾರು ಸಿಕ್ಕರೋ ಅವರ ಕೈಯಿಂದ ಇಸಿದುಕೊಂಡು ಬಂದಿದ್ದೆ. ಚಿತ್ರದಲ್ಲಿದ್ದವಳನ್ನು ಕೇಳಬೇಕೆಂದು ಹೊಳೆದೇ ಇರಲಿಲ್ಲ. ಊರಿಗೆಲ್ಲ ಬುದ್ಧಿ ಹೇಳುವ ಆಮ್ರಪಾಲಿ ಮೇಡಂ, ಅಂದರೆ ನಾನು, ಆ ದಿನ ತಲೆ ತಗ್ಗಿಸಿ ಚಹಾ ಕುಡಿದೆ.

ಆ ಮಧ್ಯಾಹ್ನ ವಜೀರಬಿ ಎಲ್ಲವನ್ನೂ ಹೇಳಿದರು. ಹದಿನೆಂಟಕ್ಕೆ ಮದುವೆಯಾಗಿ ಬಂದಾಗ ಸ್ಟುಡಿಯೋ ನೊಣ ಹೊಡೆಯುತ್ತಿತ್ತಂತೆ. ಬಸ್ ಪಾಸಿಗೆ, ಹಜ್ ಅರ್ಜಿಗೆ, ವರನ ಕಡೆಯವರಿಗೆ ಕೊಡಲಿಕ್ಕೆ ಹೆಂಗಸರಿಗೂ ಫೋಟೋ ಬೇಕಾಗಿತ್ತು. ಆದರೆ ಪರಗಂಡಸಿನ ಮುಂದೆ ಸೆರಗು ಸರಿಸಲು ಮುಸ್ಲಿಮರ ಮನೆಯವರೂ ಒಪ್ಪುತ್ತಿರಲಿಲ್ಲ, ಹಿಂದೂಗಳ ಮನೆಯವರೂ ಒಪ್ಪುತ್ತಿರಲಿಲ್ಲ. ಅಜೀಮುದ್ದೀನರು ಕೋಣೆಯ ನಡುವೆ ದಪ್ಪ ಪರದೆ ಕಟ್ಟಿ ಹೆಂಡತಿಗೆ ಕ್ಯಾಮೆರಾ ಕಲಿಸಿದರು. ಪರದೆಯ ಆಚೆ ಹೆಂಗಸರು ಮಾತ್ರ. ಹೆಂಗಸರ ಫೋಟೋ ಮುಂದಿನ ಗಾಜಿನ ಪೆಟ್ಟಿಗೆಯಲ್ಲಿ ಇಡುವಂತಿಲ್ಲ. ತೊಳೆಯುವುದು, ಪ್ರಿಂಟ್ ಹಾಕುವುದು ಎಲ್ಲವೂ ವಜೀರಬಿಯದೇ. ಒಣಗಿದ ಮೇಲೆ ಬೆನ್ನಿಗೆ ಗಂಡನ ಶಿಕ್ಕಾ ಒತ್ತುತ್ತಿದ್ದವರೂ ಅವರೇ. ಅಂಗಡಿಗೆ ಇದ್ದದ್ದು ಅದೊಂದೇ ಶಿಕ್ಕಾ.

ಅರ್ಜಿಯ ಫೋಟೋ ನೆಟ್ಟಗೆ, ಕಿವಿ ಕಾಣುವಂತೆ ತೆಗೆದಾದ ಮೇಲೆ ವಜೀರಬಿ ಒಂದು ಮಾತು ಹೇಳುತ್ತಿದ್ದರಂತೆ: “ಸರ್ಕಾರದ್ದು ಮುಗೀತು. ಈಗ ನಿಂದು. ಹ್ಯಾಂಗ ಬೇಕು ಹಂಗ ಕುಂದರು.” ನಾನು ಮೂರು ವರ್ಷ ಹುಡುಕಿದ್ದೆಲ್ಲ ಆ ಎರಡನೆಯ ಫೋಟೋಗಳು. ಹಾಗೆ ಇಪ್ಪತ್ತಾರು ವರ್ಷ ತೆಗೆದರು. ನೆಗೆಟಿವುಗಳೆಲ್ಲ ಒಂದು ಮಳೆಗಾಲದಲ್ಲಿ ಬೂಸು ಹಿಡಿದು ಹೋದವು.

ನಾನು ಪ್ರಕಾಶಕರಿಗೆ ಫೋನು ಮಾಡಿದೆ. ಅವರದು ಕಾನೂನಿನ ಮಾತು. ಶಿಕ್ಕಾದಲ್ಲಿ ಯಾರ ಹೆಸರಿದೆಯೋ ಅವರೇ ಚಿತ್ರ ತೆಗೆದದ್ದು ತಾವಲ್ಲ ಎಂದು ಬರೆದುಕೊಡಬೇಕು, ಇಲ್ಲದಿದ್ದರೆ ಇದ್ದ ಹೆಸರಿನಲ್ಲೇ ಪುಸ್ತಕ ಬರುತ್ತದೆ. ಹನ್ನೆರಡು ದಿನ ಸಮಯ. ಅಷ್ಟರಲ್ಲಿ ಪುಸ್ತಕದ ಸುದ್ದಿ ಊರಿಗೆಲ್ಲ ಹಬ್ಬಿ, ಅಜೀಮುದ್ದೀನರಿಗೆ ಚಹಾದ ಹೋಟೆಲಿನಲ್ಲಿ ಹಾರ ಬಿದ್ದಿತ್ತು. ಮನುಷ್ಯ ಕೆಟ್ಟವರಲ್ಲ. ಆದರೆ ಕೊರಳಿಗೆ ಬಿದ್ದ ಹಾರವನ್ನು ತಾನಾಗಿ ತೆಗೆಯುವುದು ಯಾರಿಗೂ ಸುಲಭವಲ್ಲ. “ನೋಡೂಣು, ನೋಡೂಣು” ಎಂದು ದಿನ ದೂಡಿದರು.

ವಜೀರಬಿ ಗಂಡನ ಬೆನ್ನು ಹತ್ತಲಿಲ್ಲ. ಬುರ್ಖಾ ಹಾಕಿಕೊಂಡು, ನನ್ನ ಸ್ಕೂಟಿ ಹಿಂದೆ ಕೂತು, ಮೊದಲು ತಮ್ಮ ಮಾತು ಉಳಿಸಿಕೊಳ್ಳಲು ಹೊರಟರು. ಕೊಹಿನೂರ, ಬೇಮಳಖೇಡ, ಕೊಡಂಬಲ, ಹುಮನಾಬಾದಿನ ಓಣಿಗಳು. ಪ್ರತಿ ಮನೆಯಲ್ಲೂ ಒಂದೇ ಪ್ರಶ್ನೆ: ಇದು ಪುಸ್ತಕದಾಗ ಬರಲೋ ಬ್ಯಾಡೋ? ತೀರಿಕೊಂಡವರ ಹೆಣ್ಣುಮಕ್ಕಳನ್ನು ಕೇಳಿದರು. ಕೊಹಿನೂರಿನ ಸರ್ದಾರಬಿ ಆಗಲ್ಲ ಎಂದುಬಿಟ್ಟರು. ಅದು ಬಾಚಣಿಗೆಯ ಚಿತ್ರ, ನನ್ನ ಜೀವ. “ಇನ್ನೊಮ್ಮೆ ವಿಚಾರ ಮಾಡ್ರಿ” ಎಂದು ನಾನು ಬಾಯಿ ತೆರೆದೆನೋ ಇಲ್ಲವೋ, ವಜೀರಬಿ ನನ್ನ ತೊಡೆ ಚಿವುಟಿದರು. ಒಂಬತ್ತು ಚಿತ್ರಗಳು ಹಾಗೆ ಹೋದವು.

ಕೊಡಂಬಲದ ಧೂಳಮ್ಮನಿಗೆ ಈಗ ಎಪ್ಪತ್ತರ ಮೇಲೆ. ಬಾಯಿ ತುಂಬ ನಗುವ ಆ ಚಿತ್ರ ಅವಳದೇ. “ಹಾಕ್ರಿ! ಹರೇದಾಗ ನಾ ಎಂಥಾಕಿ ಇದ್ದೆ ಅಂತ ಊರಿಗಿ ಗೊತ್ತಾಗ್ಲಿ” ಎಂದಳು. ಆಮೇಲೆ ಮುಖಪುಟದ ಹೆಸರನ್ನು ನನ್ನಿಂದ ಓದಿಸಿಕೊಂಡವಳ ಮುಖ ಕೆಂಪಾಯಿತು. “ಸಾಬರು ತೆಗದ್ರಾ? ಗಂಡಸು ಮುಂದ ನಿಂತಿದ್ರ ನಾ ಹಿಂಗ ನಗತಿದ್ನೇನು? ನಡೀರಿ, ಕೇಳೂಣು ಅವ್ರನ್ನ.”

ಗಡುವಿನ ಹಿಂದಿನ ದಿನ ಬೆಳಿಗ್ಗೆ ಹನ್ನೊಂದಕ್ಕೆ ನೂರ್ ಸ್ಟುಡಿಯೋ ಮುಂದೆ ಎರಡು ಟಂಟಂ ಆಟೋ ಬಂದು ನಿಂತವು. ಧೂಳಮ್ಮ ಕೂಡಿಸಿಕೊಂಡು ಬಂದ, ಚಿತ್ರಗಳಲ್ಲಿದ್ದ ಇಪ್ಪತ್ತಮೂರು ಹೆಂಗಸರು ಇಳಿದರು. ಬುರ್ಖಾದವರು, ಇಲಕಲ್ ಸೀರೆಯವರು, ಕೋಲೂರಿಕೊಂಡವರು. ಬೀದಿಯ ಜನವೆಲ್ಲ ನೆರೆಯಿತು. ಅಜೀಮುದ್ದೀನರು ಸ್ಟೂಲಿನಿಂದ ಎದ್ದು ನಿಂತರು.

“ಸಾಬ್ರೆ,” ಎಂದಳು ಧೂಳಮ್ಮ, “ಈ ಫೋಟೋ ತೆಗದಾಗ ನೀವ್ ಪರದಿ ಒಳಗ ಇದ್ರ್ಯಾ?”

ಆಗ ನನಗೂ ಅರ್ಥವಾಯಿತು, ಅಜೀಮುದ್ದೀನರಿಗೂ ಅರ್ಥವಾಯಿತು. ತೆಗೆದದ್ದು ತಾನೇ ಎಂದರೆ ತಾನು ಪರದೆ ದಾಟಿದ್ದೆ, ಈ ತಾಲೂಕಿನ ಹೆಣ್ಣುಮಕ್ಕಳನ್ನೆಲ್ಲ ಕದ್ದು ನೋಡಿದ್ದೆ ಎಂದು ಒಪ್ಪಿಕೊಂಡ ಹಾಗೆ. ಇಲ್ಲ ಎಂದರೆ ಪುಸ್ತಕ ಹೆಂಡತಿಯದು.

ಅಜೀಮುದ್ದೀನರು ತಡಮಾಡಲಿಲ್ಲ. ಅವರಿಗೆ ಹಾರಕ್ಕಿಂತ ಮಾನ ದೊಡ್ಡದು. ಅದಕ್ಕೇ ನನಗೆ ಅವರ ಮೇಲೆ ಇವತ್ತಿಗೂ ಗೌರವ.

“ಅಲ್ಲಾನ ಆಣಿ ಅವ್ವಾ, ನೀವ್ ಒಳಗಿದ್ದಾಗ ನಾ ಒಂದು ದಿನಾನೂ ಆ ಪರದಿ ದಾಟಿಲ್ಲ. ನಿಮ್ಮ ಒಂದು ಫೋಟೋನೂ ನಾ ತೆಗದಿಲ್ಲ. ಎಲ್ಲಾ ಇಕಿ ತೆಗದದ್ದು.” ಇಡೀ ಬೀದಿಗೆ ಕೇಳುವಂತೆ ಹೇಳಿದರು. ಅಲ್ಲೇ ಕೌಂಟರಿನ ಮೇಲೆ ಅದನ್ನೇ ಬರೆದು ಸಹಿ ಹಾಕಿದರು. ಹೆಂಗಸರು ಒಬ್ಬೊಬ್ಬರಾಗಿ ಕೆಳಗೆ ಸಹಿ ಮಾಡಿದರು, ಹೆಬ್ಬೆಟ್ಟು ಒತ್ತಿದರು. ವಜೀರಬಿ ಬುರ್ಖಾದ ಅಂಚಿನಿಂದ ಮುಖ ಮುಚ್ಚಿಕೊಂಡು ಅತ್ತರು. ಜೋರಾಗಿಯೇ ಅತ್ತರು. ನಾನೂ ಅತ್ತೆ, ನಾಚಿಕೆಪಡಲಿಲ್ಲ.

ನನ್ನ ಹನ್ನೊಂದು ಪುಟ ಕಸದ ಬುಟ್ಟಿಗೆ ಹೋಯಿತು. ಪುಸ್ತಕ ಹೋದ ಫೆಬ್ರುವರಿಯಲ್ಲಿ ಬಂತು. ಐವತ್ತೆರಡು ಚಿತ್ರಗಳು, ಪ್ರತಿ ಚಿತ್ರದ ಕೆಳಗೆ ಅವಳ ಹೆಸರು, ಅವಳ ಊರು. ಧೂಳಮ್ಮನ ಕೈಗಳು ಪೂರ್ತಿ ಬಂದವು. ಮುಖಪುಟದ ಮೇಲೆ, ದೂರದಿಂದಲೂ ಓದುವಷ್ಟು ದಪ್ಪಗೆ: ‘ಛಾಯಾಚಿತ್ರಗಳು: ವಜೀರಬಿ’.

ಹುಮನಾಬಾದಿನಲ್ಲಿ ನಮ್ಮ ಕಾಲೇಜಿನ ಸಭಾಂಗಣದಲ್ಲಿ ಬಿಡುಗಡೆ. ಕುರ್ಚಿ ಸಾಲದೆ ಜನ ಗೋಡೆಗೊರಗಿ ನಿಂತರು. ಬೀದರಿನಿಂದ, ಕಲಬುರಗಿಯಿಂದ ಫೋಟೋಗ್ರಾಫರುಗಳು ಬಂದು, ಅರವತ್ತೇಳರ ವಜೀರಬಿಯ ಮುಂದೆ ವಿದ್ಯಾರ್ಥಿಗಳ ಹಾಗೆ ಕೈಕಟ್ಟಿ ನಿಂತು ಬೆಳಕಿನ ಬಗ್ಗೆ ಕೇಳಿದರು. ಸಹಿಗೆ ದೊಡ್ಡ ಸಾಲು. ಅವರು ಒಬ್ಬೊಬ್ಬರ ಹೆಸರು ಕೇಳಿ, ಬರೆದು, ಕೆಳಗೆ ತಮ್ಮ ಹೆಸರನ್ನು ಅಕ್ಷರ ಅಕ್ಷರ ಬಿಡಿಸಿ ಬರೆಯುತ್ತಿದ್ದರು.

ಸಾಲಿನ ನಡುವೆ, ಯಾರನ್ನೂ ತಳ್ಳದೆ, ಕೊಂಡ ಪ್ರತಿಯನ್ನು ಎದೆಗೊತ್ತಿಕೊಂಡು ಅಜೀಮುದ್ದೀನರೂ ನಿಂತಿದ್ದರು. ಅರ್ಧ ತಾಸಿನ ಮೇಲೆ ಅವರ ಸರದಿ ಬಂತು. ಪುಸ್ತಕ ಮುಂದೆ ಚಾಚಿದರು.

ವಜೀರಬಿ ಚಷ್ಮಾದ ಮೇಲಿಂದ ಒಮ್ಮೆ ನೋಡಿ ಪೆನ್ನು ಎತ್ತಿದರು.

“ಯಾರ ಹೆಸರಿಗಿ ಬರೀಲ್ರಿ?”

“ಅಜೀಮುದ್ದೀನ್,” ಎಂದರು ಅವರು. “ವಜೀರಬಿಯವರ ಗಂಡ.”