ಯಾರೂ ಕೂರದ ಕುರ್ಚಿ

ಇನ್ನೂ ಸರಿಯಾಗಿ ಬೆಳಕು ಹರಿದಿಲ್ಲ. ಮೂರನೇ ಮಹಡಿಯ ಮನೆಯ ಬಾಗಿಲಲ್ಲಿ ಚಪ್ಪಲಿ ಬಿಟ್ಟು, ಲ್ಯಾಪ್‌ಟಾಪು, ಪುಟ್ಟ ಪ್ರಿಂಟರು ತುಂಬಿದ ಚೀಲ ಹೊತ್ತ ಟೈಪಿಸ್ಟ್ ಅಕ್ಕ ಒಳಗೆ ಕಾಲಿಡುತ್ತಾರೆ. ಕೂತ್ಕೊಳ್ಳಿ ಎಂದು ಮನೆಯವರು ಹೇಳುವ ಮೊದಲೇ ಅವರದೊಂದು ಪ್ರಶ್ನೆ: "ಇಲ್ಲಿ ಯಾರೂ ಕೂರದ ಕುರ್ಚಿ ಯಾವುದು?" ಮನೆಯ ಸೊಸೆ ತಬ್ಬಿಬ್ಬಾಗಿ ಕಿಟಕಿಯ ಪಕ್ಕಕ್ಕೆ ಕೈ ತೋರಿಸುತ್ತಾಳೆ. ಅಕ್ಕ ಅದನ್ನು ಮುಟ್ಟದೆ ಸುತ್ತಿಹೋಗಿ ಮೂಲೆಯ ಸ್ಟೂಲಿನ ಮೇಲೆ ಕೂರುತ್ತಾರೆ.

ಕೋರ್ಟಿನ ಮೆಟ್ಟಿಲು ಹತ್ತಲಾಗದ ವಯಸ್ಸಾದವರ ಹೇಳಿಕೆ ಪಡೆಯಲು ನ್ಯಾಯಾಧೀಶರು ಒಬ್ಬ ವಕೀಲರನ್ನು ಕಮಿಷನರ್ ಆಗಿ ಅವರ ಮನೆಗೇ ಕಳಿಸುತ್ತಾರೆ. ಜೊತೆಗೆ ಹೋಗಿ, ಆ ಹಿರಿಯರಾಡಿದ್ದನ್ನು ಟೈಪ್ ಮಾಡಿ, ಕೊನೆಗೆ ಗಟ್ಟಿಯಾಗಿ ಓದಿ ಹೇಳುವುದು ಅಕ್ಕನ ಕೆಲಸ. ಇಪ್ಪತ್ತು ವರ್ಷದ ಮೇಲಾಯಿತು. ತೀರ್ಪಿನಲ್ಲಿ ಎಲ್ಲರ ಹೆಸರೂ ಇರುತ್ತದೆ, ಇವರದಿಲ್ಲ. ಮುಂಜಾನೆಯೇ ಯಾಕೆಂದರೆ, "ವಯಸ್ಸಾದವರ ನೆನಪು ಬೆಳಗ್ಗೆ ತಿಳಿಯಾಗಿರುತ್ತೆ, ಮಧ್ಯಾಹ್ನಕ್ಕೆ ಕಲಕಿಬಿಡುತ್ತೆ." ಅಕ್ಕ ಬಂದುಹೋದ ಮನೆಯಲ್ಲಿ ಕೆಲವೇ ದಿನಕ್ಕೆ ಸಾವಾಗುವುದೂ ಉಂಟು. ಅಪಶಕುನವೆಂದು ಮುಖ ಸಿಂಡರಿಸುವವರಿದ್ದಾರೆ. "ಸಾಯೋ ಹಾಗಿದಾರೆ ಅಂತ ನನ್ನ ಕರೆಸ್ತಾರೆ. ನಾನು ಬಂದೆ ಅಂತ ಯಾರೂ ಸಾಯಲ್ಲ," ಎಂದು ಅಕ್ಕ ನಗುತ್ತಾರೆ. ಕುರ್ಚಿಯ ಮಾತೆತ್ತಿದರೆ ಮಾತ್ರ ಆ ನಗು ನಿಂತುಬಿಡುತ್ತದೆ.

ಕಳೆದ ಚಳಿಗಾಲದ ಮಾತು. ಗಂಡ ಸತ್ತು, ಹಾಸಿಗೆ ಹಿಡಿದಿದ್ದ ಅಜ್ಜಿಯೊಬ್ಬರ ಮನೆ. ಅಣ್ಣ ಈ ಮನೆಯನ್ನು ತನಗೇ ಬರೆದುಕೊಟ್ಟು ಹೋಗಿದ್ದಾನೆಂದು ಅಜ್ಜಿಯ ಮೈದುನ ಒಂದು ಪತ್ರ ಹಿಡಿದು ನಿಂತಿದ್ದ. ಅಲ್ಲ ಎನ್ನಲು ಬದುಕಿದ್ದವರು ಅಜ್ಜಿ ಒಬ್ಬರೇ. ಎದುರು ವಕೀಲರ ಪಾಟಿ ಸವಾಲು ಅರ್ಧಕ್ಕೆ ನಿಂತರೆ ಅಲ್ಲಿಯವರೆಗೆ ಹೇಳಿದ್ದೆಲ್ಲ ಹೊಳೆಯಲ್ಲಿ ಹುಣಸೆಹಣ್ಣು ತೊಳೆದಂತೆ. ಅಜ್ಜಿಯ ಮಗಳು ಬೀದಿಗೆ ಬೀಳುತ್ತಾಳೆ.

ಪ್ರತಿ ಪ್ರಶ್ನೆಗೂ ಅಜ್ಜಿ ಮಂಚದ ಎದುರಿನ ಬೆತ್ತದ ಕುರ್ಚಿಯತ್ತ ತಿರುಗಿ, ತುಸು ಹೊತ್ತು ಕಿವಿಗೊಟ್ಟು, ಆಮೇಲೆ ಉತ್ತರ ಹೇಳುತ್ತಿದ್ದರು. ಕುರ್ಚಿ ಖಾಲಿ. ಸಾಕ್ಷಿಗೆ ಹೇಳಿಕೊಡುತ್ತಿದ್ದಾರೆ, ಬರೆದುಕೊಳ್ಳಿ ಎಂದು ಎದುರು ವಕೀಲರು ಸಿಡುಕಿದರು. ಹೇಳಿಕೊಟ್ಟವರ ಹೆಸರು ಏನಂತ ಹಾಕಲಿ ಎಂದು ಅಕ್ಕ ಕೇಳಿದರು. ಹಾಗಾದರೆ ಕುರ್ಚಿಯನ್ನೇ ಹೊರಗಿಡಿ ಎಂದರು ವಕೀಲರು. "ಹಗುರದ ಕುರ್ಚಿ. ಮಗಳು ಎರಡೂ ಕೈಯಲ್ಲಿ ಎತ್ತೋಕಾಗದೆ ತಿಣುಕಿದಳು. ನಾನೇ ನೋಡಿದೀನಿ," ಎನ್ನುತ್ತಾರೆ ಅಕ್ಕ.

ಕುರ್ಚಿ ಹೋದದ್ದೇ ಅಜ್ಜಿಯ ಬಾಯಿಗೆ ಬೀಗ ಬಿತ್ತು. ಎಷ್ಟು ಕೇಳಿದರೂ ಉತ್ತರವಿಲ್ಲ, ಕಣ್ಣು ಮಾತ್ರ ಕೋಣೆಯೆಲ್ಲ ಹುಡುಕುತ್ತಿತ್ತು. ಸಾಕ್ಷಿ ಉತ್ತರಿಸಲಿಲ್ಲ ಎಂದು ಬರೆಸಿ ಮುಗಿಸಲು ಕಮಿಷನರ್ ಹೊರಟರು. ಅಕ್ಕನ ಬೆರಳು ಆಡಲಿಲ್ಲ. "ಸರ್, ಅದನ್ನ ವಾಪಸ್ ತರಿಸಿ. ಅಜ್ಜಿ ಮಾತಾಡಿದ್ದು ಟೈಪ್ ಮಾಡ್ತೀನಿ. ಕುರ್ಚಿ ಮಾತಾಡಿದ್ರೆ ಮಾಡಲ್ಲ," ಎಂದರು.

ಕುರ್ಚಿ ಬಂತು. ಪತ್ರಕ್ಕೆ ಸಹಿಯಾದ ದಿನ ನಿಮ್ಮ ಯಜಮಾನರು ಮನೆಯಲ್ಲೇ ಇದ್ದರಲ್ಲವೇ ಎಂದು ಎದುರು ವಕೀಲರು ಕೊನೆಯ ಪ್ರಶ್ನೆ ಹಾಕಿದರು. ಅಜ್ಜಿ ಕುರ್ಚಿಯತ್ತ ತಿರುಗಿ ಬಹಳ ಹೊತ್ತು ಕೇಳಿಸಿಕೊಂಡರು. ಹುಬ್ಬು ಗಂಟಿಕ್ಕಿತು.

"ಇಲ್ಲ ರೀ, ಸುಳ್ಳು ಹೇಳ್ಬೇಡಿ. ತಮ್ಮ ಅಂದ್ರೆ ಮೊದಲಿಂದಲೂ ನಿಮಗೆ ಕರುಳು. ಅವತ್ತು ನೀವು ಆಸ್ಪತ್ರೆಯಲ್ಲಿದ್ರಿ. ಬಲಗೈಗೆ ಕಟ್ಟು ಹಾಕಿದ್ರು. ತುತ್ತು ಇಟ್ಟಿದ್ದು ನಾನು."

ಅಕ್ಕ ಅದನ್ನು ಹಾಗೆಯೇ ಟೈಪ್ ಮಾಡಿದರು, ಮೊದಲಿಂದ ಕೊನೆಯವರೆಗೆ ಓದಿ ಹೇಳಿದರು. ಅಜ್ಜಿ ಹೆಬ್ಬೆಟ್ಟು ಒತ್ತಿದ ಕೂಡಲೇ ಬೆತ್ತದ ಕುರ್ಚಿ ಕಿರ್ರೆಂದಿತು, ಯಾರೋ ಮುನಿಸಿಕೊಂಡು ಎದ್ದುಹೋದ ಹಾಗೆ.

ಅದೇ ವಾರ ಅಜ್ಜಿ ತೀರಿಕೊಂಡರು. ಆಸ್ಪತ್ರೆಯ ದಾಖಲೆಯೂ ಅವರ ಮಾತನ್ನೇ ಹೇಳಿತು, ಮನೆ ಮಗಳಿಗೆ ಉಳಿಯಿತು. ಕುರ್ಚಿ ಕಿರ್ರೆಂದದ್ದನ್ನು ಯಾಕೆ ಬರೆಯಲಿಲ್ಲವೆಂದು ಕೇಳಿದರೆ ಅದು ಸಾಕ್ಷಿ ಹೇಳಿದ್ದಲ್ಲವಲ್ಲ ಎನ್ನುತ್ತಾರೆ ಅಕ್ಕ.

ಒಳಕೋಣೆಯಿಂದ ಇಂದಿನ ಸಾಕ್ಷಿ, ಒಬ್ಬ ಅಜ್ಜ, ಗೋಡೆ ಹಿಡಿದು ಬರುತ್ತಿದ್ದಾರೆ. ಪ್ರಿಂಟರಿಗೆ ಹಾಳೆ ತುಂಬಿಸುವ ಅಕ್ಕನಿಗೆ ಕಣ್ಣು ಇನ್ನೊಂದೆರಡು ವರ್ಷ ಮಂಜಾಗದೆ ಉಳಿದರೆ ಸಾಕಂತೆ. ಬೇರೆ ಆಸೆಯೊಂದಿದೆ, ಅದನ್ನು ಗಂಡನಿಗೆ ಆಗಲೇ ಹೇಳಿಟ್ಟಿದ್ದಾರೆ.

"ನಾನು ಹೋದ್ಮೇಲೆ ನನ್ನ ಕುರ್ಚಿ ಎತ್ತಿಡ್ಬೇಡಿ, ಏನಾದ್ರೂ ಮರೆತ್ರೆ ನನ್ನನ್ನೇ ಕೇಳಿ ಅಂದಿದೀನಿ. ಆದ್ರೆ ನಾನು ಹೇಳಿದ್ದಕ್ಕೆಲ್ಲ ಹೂಂ ಅನ್ಬೇಡಿ. ನೀವು ಕಂಡಿದ್ದನ್ನೇ ಹೇಳಿ."