ಗೇಟಮ್ಮ ನೋಡಿದ ಮೊದಲರ್ಧ

ನಮ್ಮ ಚಿತ್ರಮಂದಿರದ ಬಾಗಿಲಲ್ಲಿ ಮೂವತ್ತೊಂದು ವರ್ಷ ಟಿಕೆಟ್ ಹರಿದವಳನ್ನು ಎಲ್ಲರೂ ಗೇಟಮ್ಮ ಎಂದೇ ಕರೆಯುತ್ತಿದ್ದರು. ಜನ ಕೂತ ಮೇಲೆ ಅವಳು ಬೆಲ್ ಒತ್ತುವಳು. ಮೇಲಿನ ಕೋಣೆಯಲ್ಲಿರುವ ಆಪರೇಟರ್ ದೀಪ ಆರಿಸಿ ಸಿನಿಮಾ ಶುರುಮಾಡುವನು. ಆಪರೇಟರ್ ಬೇರೆ ಯಾರೂ ಅಲ್ಲ, ಅವಳ ಒಬ್ಬನೇ ಮಗ. ಆಮೇಲೆ ಚಿಲಕ ಹಾಕಿ ಹೊರಗೆ ಸ್ಟೂಲಿನ ಮೇಲೆ ಕೂತವಳು ಒಳಗೆ ಹೋಗುತ್ತಿದ್ದದ್ದು ಕೊನೆಯ ಹತ್ತು ನಿಮಿಷಕ್ಕೆ. ಹಾಗಾಗಿ ಅವಳು ತೆರೆಯ ಮೇಲೆ ಕಂಡ ಅಮ್ಮಂದಿರೆಲ್ಲ ಮಗನ ತೊಡೆಯ ಮೇಲೆ ಪ್ರಾಣ ಬಿಡುತ್ತಿದ್ದವರೇ.

“ಅಮ್ಮ ಕಣ್ಮುಚ್ಚಿದ ಮೇಲೇನೇ ಈ ಗಂಡುಮಕ್ಕಳಿಗೆ ಬಾಯಿ ಬರೋದು ನೋಡೇ,” ಎಂದು ನನ್ನ ಕ್ಯಾಂಟೀನಿನಲ್ಲಿ ಟೀ ಕುಡಿಯುತ್ತಾ ನಗುವಳು. ಮಗ ಅವಳ ಜೊತೆ ಮಾತು ಬಿಟ್ಟು ಮೂರು ವರ್ಷವಾಗಿತ್ತು.

ತಪ್ಪು ಅವಳದೇ. ಮದುವೆಯಾದ ಹೊಸದರಲ್ಲಿ ಮಗ ತನ್ನ ಮಾವನನ್ನು ಸಿನಿಮಾಕ್ಕೆ ಕರೆತಂದ. “ಟಿಕೆಟ್ ಎಲ್ಲಿ?” ಎಂದು ಈ ಮಹಾತಾಯಿ ಬೀಗರನ್ನೇ ಅಷ್ಟು ಜನರೆದುರು ಬಾಗಿಲಲ್ಲಿ ತಡೆದಳು. ಅವರು ಮುಖ ಸಣ್ಣದು ಮಾಡಿಕೊಂಡು ಹೊರಟುಹೋದರು. ಮಗ ಬೇರೆ ಮನೆ ಮಾಡಿದ. ಅಮ್ಮ ಬೆಲ್ ಒತ್ತುವುದು, ಮಗ ದೀಪ ಆರಿಸುವುದು, ಇಬ್ಬರ ನಡುವೆ ಉಳಿದದ್ದು ಅಷ್ಟೇ.

“ನಾಳೆಯಿಂದ ಬೆಲ್ಲೂ ಇಲ್ಲ,” ಎಂದಳು, ಕೆಲಸದ ಕೊನೆಯ ದಿನ. ಒಳಗೆ ಕೂತು ಪೂರ್ತಿ ನೋಡಿ ಎಂದು ಮ್ಯಾನೇಜರ್ ಹೇಳಿದರೂ, ಟಿಕೆಟಿಲ್ಲದೆ ಕೂರಲ್ಲ ಎಂದು ಹಟ. ಬೆಲ್ ಒತ್ತಿ ಸ್ಟೂಲಿಗೆ ಬಂದಳು.

ಈಗ ಕಂಪ್ಯೂಟರಿನ ಕಾಲ, ಶುರುಮಾಡಿದರೆ ಸಿನಿಮಾ ತಾನೇ ಓಡುತ್ತದೆ. ತೆರೆಯ ಮೇಲೆ ಹೆಸರುಗಳು ಬರುತ್ತಿರುವಾಗಲೇ ಆಪರೇಟರ್ ಮೆಟ್ಟಿಲಿಳಿದು ಬಂದು ಅಮ್ಮನ ಮುಂದೆ ಕೈ ಚಾಚಿದ.

“ಎರಡು ಟಿಕೆಟ್ ಇದೆ. ಬಿಡ್ತೀಯಾ?”

ಗೇಟಮ್ಮ ಟಿಕೆಟ್‌ಗಳನ್ನು ಹಿಂದೆ ಮುಂದೆ ತಿರುಗಿಸಿ, ತಾರೀಖು ನೋಡಿ, ಹರಿದಳು. ಇಬ್ಬರೂ ಒಳಗೆ ಹೋದರು. ಚಿಲಕ ನಾನೇ ಹಾಕಿದೆ.

ಚಿಲಕ ತೆಗೆಯುವವಳು ಒಳಗೇ ಇದ್ದಾಳೆಂಬುದು ನನಗೂ ಮರೆತುಹೋಯಿತು. ಸಿನಿಮಾ ಮುಗಿದು ಜನ ಬಾಗಿಲು ಬಡಿದಾಗ ಕ್ಯಾಂಟೀನಿನಿಂದ ಹಿಟ್ಟಿನ ಕೈಯಲ್ಲೇ ಓಡಿಬಂದು ತೆಗೆದೆ. ಎಲ್ಲರೂ ಕಣ್ಣೊರೆಸಿಕೊಳ್ಳುತ್ತಾ ಬಂದರು. ಕೊನೆಯಲ್ಲಿ ಇವರಿಬ್ಬರು.

“ಅಲ್ಲ ಕಣೋ, ಮೊದಲಿಂದ ನೋಡಿದ್ರೆ ಆ ಅಮ್ಮಂದೂ ತಪ್ಪಿದೆ,” ಎನ್ನುತ್ತಿದ್ದಳು ಗೇಟಮ್ಮ.

ಮಗ ಅವಳನ್ನು ಕ್ಯಾಂಟೀನಿಗೆ ಕರೆತಂದು ಕೂರಿಸಿದ. “ಅಮ್ಮಂಗೆ ಟೀ ಕೊಡಿ ಚಿಕ್ಕಮ್ಮ. ನಂಗೂ,” ಎಂದು ಅವಳ ಪಕ್ಕಕ್ಕೆ ಬೆಂಚು ಎಳೆದುಕೊಂಡು ಕೂತ.