ಮೂರು ನಕ್ಷತ್ರ ಕಾಣುವವರೆಗೆ

ಆಗ ಕೊಡಗಿನಲ್ಲಿ ಬಿಳಿ ದೊರೆಗಳ ಆಡಳಿತ. ಮೂರ್ನಾಡಿಗೆ ಇನ್ನೂ ಕರೆಂಟು ಬಂದಿರಲಿಲ್ಲ. ವಾರ ಯಾವುದೆಂದು ಬೇರೆ ಮನೆಯವರು ಸಂತೆ ನೋಡಿ ತಿಳಿಯುತ್ತಿದ್ದರೆ, ನಾನು ಪಕ್ಕದ ಮನೆಯ ಹೊಗೆ ನೋಡಿ ತಿಳಿಯುತ್ತಿದ್ದೆ. ರಾಹೇಲಮ್ಮನ ಮಾಡಿನ ಮೇಲೆ ಹೊಗೆ ಏಳಲಿಲ್ಲವೆಂದರೆ ಅಂದು ಶನಿವಾರ.

ರಾಹೇಲಮ್ಮ ಮತ್ತು ಎಲಿಯಾಸ್ ಮಾಮ ಕೊಚ್ಚಿಯ ಯಹೂದಿಗಳು. ಮಾಮ ನಮ್ಮ ಕಡೆಯ ಮೆಣಸು, ಏಲಕ್ಕಿ ಕೊಂಡು ತಲಶ್ಶೇರಿಗೆ ಸಾಗಿಸುತ್ತಿದ್ದರು. ಮಕ್ಕಳಿರಲಿಲ್ಲ. ಹಾಗಾಗಿ ಒಂಬತ್ತು ವರ್ಷದ ನನ್ನನ್ನು ರಾಹೇಲಮ್ಮ 'ಮೋಳೇ' ಎಂದು ಕರೆದು ಮಗಳಂತೆಯೇ ಮುದ್ದು ಮಾಡುತ್ತಿದ್ದರು, ಮಗಳಂತೆಯೇ ಬೈಯುತ್ತಿದ್ದರು.

ಬೈಗುಳ ಬರುತ್ತಿದ್ದದ್ದು ಹೆಚ್ಚಾಗಿ ಅಡುಗೆಮನೆಯಲ್ಲಿ. ಹಾಲಿನ ಪಾತ್ರೆ ಬೇರೆ, ಮಾಂಸದ ಪಾತ್ರೆ ಬೇರೆ. ಒಂದು ಸಲ ನಾನು ಕೋಳಿಸಾರಿನ ಸೌಟನ್ನು ಮೊಸರಿಗೆ ಹಾಕಲು ಹೋದಾಗ ಅವರು ಕಿರುಚಿದ ಕಿರುಚಿಗೆ ನಮ್ಮವ್ವ ಹಾವು ಬಂತೆಂದು ದೊಣ್ಣೆ ಹಿಡಿದು ಓಡಿ ಬಂದಿದ್ದಳು. ಆಮೇಲೆ ಇಬ್ಬರೂ ಕೂತು ನಕ್ಕಿದ್ದೇ ನಕ್ಕಿದ್ದು. ನಮ್ಮವ್ವನಿಗೇನು, ಮಡಿಮೈಲಿಗೆಯ ನೂರು ನೇಮಗಳ ನಡುವೆ ಬೆಳೆದವಳು. ಬೇರೆಯವರ ನೇಮವೆಂದರೆ ಅವಳಿಗೆ ಬೇರೆಯವರ ದೇವರಷ್ಟೇ ಭಯ. ರಾಹೇಲಮ್ಮನಿಗೆ ಹಂದಿ ಕೂಡದೆಂದು, ನಮ್ಮಲ್ಲಿ ಹಂದಿಸಾರು ಮಾಡಿದ ದಿನ ಕೈ ಮೂರು ಸಲ ತೊಳೆಯದೆ ಬೇಲಿ ದಾಟುತ್ತಿರಲಿಲ್ಲ.

ಶನಿವಾರ ಮಾತ್ರ ಬೇರೆಯೇ ಲೋಕ, ಅವರ ದೇವರು ವಿಧಿಸಿದ ಬಿಡುವಿನ ದಿನ. ಒಲೆ ಹಚ್ಚುವಂತಿಲ್ಲ, ಗಾಡಿ ಹತ್ತುವಂತಿಲ್ಲ, ಹೂ ಕೂಡ ಕೀಳುವಂತಿಲ್ಲ. ಶುಕ್ರವಾರ ಹೊತ್ತು ಮುಳುಗುವ ಮೊದಲೇ ಅಕ್ಕಿ, ಕೋಳಿ, ತೆಂಗಿನಹಾಲು ಹಾಕಿದ ಮಡಕೆಯನ್ನು ಕೆಂಡದ ಮೇಲಿಟ್ಟು ಬೂದಿ ಮುಚ್ಚಿದರೆ ಮರುದಿನ ಮಧ್ಯಾಹ್ನದವರೆಗೂ ಅದು ತನ್ನಷ್ಟಕ್ಕೆ ಬೇಯುತ್ತಿತ್ತು. ಆ ಪರಿಮಳಕ್ಕೆ ನಾವು ಮಕ್ಕಳು ಬೇಲಿ ಬಳಿಯೇ ಠಿಕಾಣಿ ಹೂಡಿ 'ಶನಿವಾರದ ಆಟ' ಆಡುತ್ತಿದ್ದೆವು. ಮಾಡಬಾರದ್ದನ್ನು ಮರೆತು ಮಾಡಿದವರು ಔಟು. ನಾನು ಒಮ್ಮೆಯೂ ಔಟಾದವಳಲ್ಲ.

ಸಂಜೆ ನಾನೂ ರಾಹೇಲಮ್ಮನೂ ಅಂಗಳದಲ್ಲಿ ಮುಖ ಮೇಲೆತ್ತಿ ನಿಲ್ಲುತ್ತಿದ್ದೆವು. ಮೂರು ನಕ್ಷತ್ರ ಕಂಡರೆ ಶನಿವಾರ ಮುಗಿಯಿತು. ಆಗ ಅವರು ದೀಪ ಹಚ್ಚಿ, ಅಂಗೈಯಲ್ಲಿ ಏಲಕ್ಕಿ ಲವಂಗ ಜಜ್ಜಿ ನನ್ನ ಮೂಗಿಗೆ ಹಿಡಿಯುತ್ತಿದ್ದರು. "ಮೂಸು ಮೋಳೇ, ವಾರ ಪೂರ್ತಿ ಸಾಕಾಗ್ಬೇಕು."

ಒಂದು ಶನಿವಾರ ಅವರು ತೋಡಿನ ದಾರಿಯಲ್ಲಿ ಕಾಲು ಉಳುಕಿಸಿಕೊಂಡರು. ಅಪ್ಪ ಗಾಡಿ ತಂದು ನಿಲ್ಲಿಸಿದರೆ ಹತ್ತಲೇ ಇಲ್ಲ. "ಬೇಡ ಗೌಡ್ರೇ, ಇವತ್ತು ಆಗಲ್ಲ" ಎಂದು ಅವ್ವನ ಹೆಗಲು ಹಿಡಿದು ಕುಂಟುತ್ತಲೇ ಮನೆ ಸೇರಿದರು. ಅಪ್ಪನಿಗೆ ಅದು ಮನಸ್ಸಿನಲ್ಲಿ ಕೂತುಬಿಟ್ಟಿತು. ಎಸ್ಟೇಟಿನಲ್ಲಿ ಲೆಕ್ಕ ಬರೆಯುವ ರೈಟರಾಗಿದ್ದ ಅಪ್ಪ ಅಲ್ಲಿ ಎಲ್ಲರಿಗೂ ಹೇಳಿದರು, "ನೇಮ ಅಂದ್ರೆ ಹಾಂಗೆ ಇರೊಕು."

ಆ ವರ್ಷ ಹೂಮಳೆ ತಡವಾಯಿತು. ಮೊಗ್ಗು ಹೊತ್ತ ಕಾಫಿ ಗಿಡಗಳು ಒಂದು ಮಳೆಗಾಗಿ ಕಾಯುತ್ತಿದ್ದವು. ಊರಿಗೆ ಊರೇ ಆಕಾಶ ನೋಡುತ್ತಿತ್ತು. ಎಲಿಯಾಸ್ ಮಾಮ ತಲಶ್ಶೇರಿಗೆ ಹೋಗಿದ್ದರು. ಶುಕ್ರವಾರ ರಾಹೇಲಮ್ಮನಿಗೆ ಚಳಿಜ್ವರ ಬಂತು. ನಡುಗುತ್ತಲೇ ಹೊತ್ತು ಮುಳುಗುವ ಮೊದಲು ಶನಿವಾರದ ದೀಪ ಹಚ್ಚಿದರು. ಕೊಡಗಿನಲ್ಲಿ ಆಗ ಚಳಿಜ್ವರ ಬಾರದ ಮನೆ ಇರಲಿಲ್ಲ, ಯಾರೂ ಗಾಬರಿಯಾಗಲಿಲ್ಲ. ಶನಿವಾರ ಬೆಳಿಗ್ಗೆ ಅವ್ವ ಹೋಗಿ ನೋಡಿದರೆ ಅವರಿಗೆ ಗುರುತೇ ಇಲ್ಲ. ನನ್ನನ್ನು ನೋಡಿ ಯಾರನ್ನೋ ಕರೆದರು. ಎಸ್ಟೇಟಿನ ಕಂಪೌಂಡರ್ ಬಂದು ಕ್ವಿನೈನ್ ಕೊಟ್ಟು, "ಜ್ವರ ತಲೆಗೇರಿದೆ, ಈಗ್ಲೇ ಮಡಿಕೇರಿ ಆಸ್ಪತ್ರೆಗೆ ಕರ್ಕೊಂಡು ಹೋಗಿ" ಎಂದರು.

ಅಪ್ಪ ಎತ್ತು ಬಿಚ್ಚಿ ತಂದರು. ತಂದವರು ಹಗ್ಗ ಹಿಡಿದುಕೊಂಡು ಅಂಗಳದಲ್ಲೇ ನಿಂತರು.

"ಇಂದ್ ಶನಿವಾರ" ಎಂದರು.

ಅವ್ವ ಸಿಟ್ಟಾದಳು. "ಜೀವಕ್ಕಿಂತ ನೇಮ ದೊಡ್ಡದಾ?"

"ಅದು ನಮ್ಮ ಜೀವ ಅಲ್ಲ, ನಮ್ಮ ನೇಮನೂ ಅಲ್ಲ. ಕಾಲು ಮುರ್ದಂಗೆ ಆದಾಗ್ಲೂ ಹತ್ತದವು ಅವು. ಗೇನ ತಪ್ಪಿ ಮಲಗಿರುವಾಗ ನಾವು ಹತ್ತಿಸಿ, ನಾಳೆ ಎದ್ದು ಎಂತಕ್ಕೆ ಕೆಡಿಸಿದಿರಿ ಅಂತ ಕೇಳಿರೆ ಎಂತ ಹೇಳ್ದು? ನಕ್ಷತ್ರ ಕಂಡ ಕೂಡ್ಲೇ ಹೊರಡುವ."

ಅವ್ವ ಗಾಡಿಯ ಮಾತು ಬಿಟ್ಟು ಒಳಗೆ ಹೋದಳು. ಅವಳೂ ಹಾಗೆಯೇ ಬೆಳೆದವಳಲ್ಲವೇ. ಇಡೀ ದಿನ ಹಣೆಗೆ ಒದ್ದೆ ಬಟ್ಟೆ ಹಾಕುತ್ತಾ ಕೂತಳು. ಗಂಜಿಯನ್ನೂ ನಮ್ಮ ಮನೆಯಲ್ಲೇ ಕಾಯಿಸಿ ತಂದಳು, ಆ ಒಲೆಗೆ ಬೆಂಕಿ ಹಚ್ಚಲಿಲ್ಲ. ರಾಹೇಲಮ್ಮ ಅದನ್ನು ನುಂಗಲೂ ಇಲ್ಲ.

ಸಂಜೆಯಾಗುತ್ತಿದ್ದಂತೆ ಮೋಡ ಕವಿಯಿತು. ಅಷ್ಟು ದಿನ ಎಲ್ಲರೂ ಹರಕೆ ಹೊತ್ತು ಕಾದಿದ್ದ ಹೂಮಳೆ ಆ ಹೊತ್ತಿಗೇ ಬಂತು. ಎಸ್ಟೇಟಿನ ಲೈನುಮನೆಗಳಿಂದ ಕೂಲಿಯವರ ಕೇಕೆ ಕೇಳಿಸಿತು. ನಮ್ಮ ಅಂಗಳದಲ್ಲಿ ಅಪ್ಪ ಮಳೆಯಲ್ಲಿ ನೆನೆಯುತ್ತಾ ನಕ್ಷತ್ರ ಹುಡುಕುತ್ತಿದ್ದರು. ನಾನೂ ಹುಡುಕಿದೆ. ಯಾವಾಗಲೂ ಮೊದಲು ಕಾಣುತ್ತಿದ್ದದ್ದು ನನಗೇ. ಆವತ್ತು ಒಂದೂ ಕಾಣಲಿಲ್ಲ. ಕೊನೆಗೆ ಅವ್ವ ಒಳಗಿನಿಂದ, "ನಕ್ಷತ್ರ ಮೋಡದ ಹಿಂದೆ ಇದ್ದೇ ಉಟ್ಟು, ಕಟ್ಟಿ ಗಾಡಿ!" ಎಂದು ಚೀರಿದಳು.

ಮೇಕೇರಿ ದಾಟುವ ಮೊದಲೇ, ಅವ್ವನ ಮಡಿಲಲ್ಲಿ, ರಾಹೇಲಮ್ಮ ಹೋದರು.

ತಂತಿ ತಲುಪಿ ಎಲಿಯಾಸ್ ಮಾಮ ಮರುದಿನ ಬಂದರು. ನಮ್ಮ ತೋಟದ ಮೂಲೆಯಲ್ಲೇ ಅಪ್ಪ ಜಾಗ ಕೊಟ್ಟರು. ಮಣ್ಣು ಮುಚ್ಚಿ ಬಂದ ಮೇಲೆ ಮಾಮ ನಮ್ಮ ಜಗಲಿಯಲ್ಲಿ ನೆಲದ ಮೇಲೆ ಕೂತರು. ಅಪ್ಪ ಎದುರು ಕೂತು ನಡೆದದ್ದನ್ನೆಲ್ಲ ಹೇಳಿ, "ಅವರ ನೇಮಕ್ಕೆ ಮಾತ್ರ ಕುಂದು ಬರ್ಲಿಲ್ಲ ಎಲಿಯಾಸಣ್ಣ" ಎಂದರು. ಅಷ್ಟು ದುಃಖದ ನಡುವೆ ಅದೊಂದು ಸಮಾಧಾನ ಎನ್ನುವಂತೆ.

ಮಾಮ ಮೆಲ್ಲಗೆ ಹೇಳಿದರು:

"ಗೌಡ್ರೇ, ಜೀವಕ್ಕೆ ಅಪಾಯ ಅಂದ್ರೆ ನಮಗೆ ಶನಿವಾರ ಇಲ್ಲ. ಗಾಡಿ ಕಟ್ಟಬೇಕು, ಬೆಂಕಿ ಹಚ್ಚಬೇಕು. ಕಟ್ಟದೆ ಇದ್ರೇನೇ ಪಾಪ. ಅದೂ ನಮ್ಮ ನೇಮವೇ."

ಅಪ್ಪನ ಮುಖ ನಾನು ನೋಡಲಾರದೆ ಹೋದೆ. ಮಾಮ ಅಪ್ಪನ ಕೈ ಹಿಡಿದುಕೊಂಡರು. "ನಿಮ್ಮ ತಪ್ಪಲ್ಲ. ಯಾವುದು ಕೂಡದು ಅಂತ ಎಲ್ಲ ಹೇಳಿಕೊಟ್ವಿ. ಇದೊಂದನ್ನು ನಾನೂ ಹೇಳ್ಲಿಲ್ಲ, ಅವಳೂ ಹೇಳ್ಲಿಲ್ಲ" ಎಂದರು. ಇಬ್ಬರೂ ಒಟ್ಟಿಗೆ ಅತ್ತರು.

ಮಾಮ ಆ ಮಳೆಗಾಲಕ್ಕೆ ಮೊದಲೇ ಕೊಚ್ಚಿಗೆ ಹೋದರು. ಮುಂದೆ ಅವರ ಜನವೆಲ್ಲ ಕಡಲಾಚೆ ಹೊರಟಾಗ ಅವರೂ ಹೋದರಂತೆ. ನಾವು ಮತ್ತೆ ಶನಿವಾರದ ಆಟ ಆಡಲಿಲ್ಲ. ಅಪ್ಪ ಮಾತ್ರ ಬದುಕಿದ್ದಷ್ಟು ಕಾಲ ಪ್ರತಿ ಶನಿವಾರ ಬೆಳಿಗ್ಗೆಯೇ ಗಾಡಿಗೆ ಎಣ್ಣೆ ಹಾಕಿ, ಹುಲ್ಲು ಹಾಸಿ, ಅಂಗಳದಲ್ಲಿ ಸಿದ್ಧವಾಗಿ ನಿಲ್ಲಿಸುತ್ತಿದ್ದರು. ಯಾರಿಗೆಂದು ಯಾರೂ ಕೇಳಲಿಲ್ಲ.

ಈಗ ಮೂರ್ನಾಡಿನಿಂದ ಮಡಿಕೇರಿಗೆ ಕಣ್ಣು ಮುಚ್ಚಿ ತೆರೆಯುವುದರೊಳಗೆ ಹೋಗಬಹುದು. ಪಕ್ಕದ ಮನೆಯವರು ಏನು ತಿನ್ನುವುದಿಲ್ಲ, ಯಾವ ದಿನ ಒಲೆ ಹಚ್ಚುವುದಿಲ್ಲ ಎಂದು ನನಗೆ ಗೊತ್ತಿಲ್ಲ. ಅವರಿಗೆ ನನ್ನದೂ ಗೊತ್ತಿಲ್ಲ. ಮನೆಯವರು ಇವತ್ತಿಗೂ ಹೂಮಳೆ ಬಂತೆಂದರೆ ಅಂಗಳಕ್ಕೆ ಓಡುತ್ತಾರೆ, ನನ್ನನ್ನೂ ಕರೆಯುತ್ತಾರೆ. ನಾನು ಹೋಗುವುದಿಲ್ಲ. ಅಲ್ಲಿ ನನ್ನ ಅಪ್ಪ ಎತ್ತಿನ ಹಗ್ಗ ಹಿಡಿದು, ಮುಖ ಮೇಲೆತ್ತಿ, ಇನ್ನೂ ನಿಂತೇ ಇದ್ದಾರೆ.